ಮಾವನ ಗೈರುಹಾಜರಿ

ಕೇಸು ಯಾವಾಗ ಮುಗಿದೀತಪ್ಪಾ ಎಂದು ಕೋರ್ಟಿಗೆ ಅಲೆಯುವವರನ್ನು ನೀವು ಬೇಕಾದಷ್ಟು ನೋಡಿರುತ್ತೀರಿ. ಕೇಸು ಎಲ್ಲಿ ಮುಗಿದುಹೋಗುತ್ತದೋ ಎಂದು ಹೆದರುವ ಫಿರ್ಯಾದಿಯನ್ನು ನೋಡಿದ್ದೀರಾ? ಇಲ್ಲವಾದರೆ ಅಂಕೋಲೆಗೆ ಬನ್ನಿ, ನನ್ನ ಮಾವನನ್ನು ತೋರಿಸುತ್ತೇನೆ!

ಮಾವ ಮದುವೆಯಾಗಲಿಲ್ಲ. ಅರ್ಗಾದಲ್ಲಿ ಅವರಿಗೂ ಪಕ್ಕದ ಮನೆಯ ಗೆಳೆಯನಿಗೂ ನಡುವೆ ಇದ್ದದ್ದು ಒಂದು ಬೇಲಿ. ಅದನ್ನೂ ದಾಟಿ ದಾಟಿ ಇಬ್ಬರೂ ಸೇರಿ ಮಲಗಿಸಿಬಿಟ್ಟಿದ್ದರು. ಊರಿನ ಜಾಗ ನೇವಿಯ ನೌಕಾನೆಲೆಗೆ ಹೋದಾಗ ಮಾವ ಅಂಕೋಲೆಯಲ್ಲಿ ಮನೆ ಮಾಡಿದರು, ಗೆಳೆಯ ತೋಡೂರಿನ ಪುನರ್ವಸತಿ ಕಾಲನಿ ಸೇರಿದ. ಹೊಸ ಮನೆಗೆ ಮಾಡು ಹೊದೆಸಲೆಂದು ಮಾವನಿಂದ ಇಪ್ಪತ್ತು ಸಾವಿರ ಸಾಲ ತೆಗೆದುಕೊಂಡ. ಅದೇ ಎಡವಟ್ಟಾಯಿತು. ಸಾಲ ತೀರಿಸದೆ ಬರಿಗೈಯಲ್ಲಿ ಮಾವನ ಜಗುಲಿ ಹತ್ತಲು ಅವನಿಗೆ ನಾಚಿಕೆ. ತಾನಾಗಿ ಹೋದರೆ ವಸೂಲಿಗೆ ಬಂದ ಎಂದಾರು ಎಂದು ಮಾವನಿಗೆ ನಾಚಿಕೆ. ಎರಡು ವರ್ಷ ಒಬ್ಬರ ಮುಖ ಒಬ್ಬರು ನೋಡಲಿಲ್ಲ! ಕೊನೆಗೆ ಅವನು ಯಾರದೋ ಕೈಯಲ್ಲಿ ಒಂದು ಚೆಕ್ ಕಳಿಸಿದ. ಅದು ಬೌನ್ಸ್ ಆದ ದಿನ ಮಾವ ಪೇಡೆ ಹಂಚುವುದೊಂದು ಬಾಕಿ. ಮರುದಿನವೇ ಕಾರವಾರದ ವಕೀಲರ ಆಫೀಸಿನಲ್ಲಿ ಹಾಜರು.

ತಾರೀಖಿನ ದಿನ ಅವರ ಸಡಗರ ನೋಡಬೇಕಿತ್ತು. ನುಣ್ಣಗೆ ದಾಡಿ, ಇಸ್ತ್ರಿ ಮಾಡಿದ ಅಂಗಿ, ಇಬ್ಬರಿಗಾಗುವಷ್ಟು ಊಟದ ಡಬ್ಬಿ.

"ಅಣ್ಣಾ, ಹೆಣ್ಣು ನೋಡೂಕೆ ಹೊರಟ್ಯಾ?" ಎಂದು ಅಮ್ಮ ಕೇಳಿದರೆ, "ಆರೋಪಿಗೆ ಹುರಿದ ಬಂಗ್ಡೆ ಅಂದ್ರೆ ಜೀವ" ಎಂದರು!

ಕೋರ್ಟಿನೊಳಗೆ ಎರಡು ನಿಮಿಷದ ಕೆಲಸ. ಆಮೇಲೆ ಸಂಜೆಯ ಬಸ್ಸಿನವರೆಗೆ ಇಬ್ಬರೂ ಅಂಗಳದ ಮರದ ಕೆಳಗೆ. "ನಿಮ್ಮ ಹಿತ್ಲ ಬಾವಿ ನೀರಿನ ರುಚಿ ಮತ್ತೆಲ್ಲೂ ಸಿಗ್ಲಿಲ್ಲ" ಎಂದು ಫಿರ್ಯಾದಿ. "ಮೊದ್ಲು ಮುಳ್ಳು ನೋಡಿ ತಿನ್ನು ಮಾರಾಯಾ" ಎಂದು ಆರೋಪಿ!

ಹೀಗೆ ಸುಖವಾಗಿ ಸಾಗಿದ್ದ ಕೇಸಿಗೆ ಒಂದು ದಿನ ಕಂಟಕ ಬಂತು. ಮುಂದಿನ ಸಲ ಸಾಕ್ಷಿ ಮುಗಿಸಿ ತೀರ್ಪು ಕೊಡುತ್ತೇವೆಂದರು ಜಡ್ಜ್ ಸಾಹೇಬರು. ಮಾವ ಉಪಾಯ ಹುಡುಕತೊಡಗಿದರು. ಹಿಂದೊಮ್ಮೆ ಆರೋಪಿ ಜ್ವರದಿಂದ ಬಾರದಿದ್ದಾಗ ತಾರೀಖು ಮುಂದೆ ಹೋಗಿತ್ತಲ್ಲ, ಹಾಗೆಯೇ ತಾನು ಹೋಗದಿದ್ದರೂ ಆದೀತು ಎಂದು ಲೆಕ್ಕ ಹಾಕಿದರು. "ನಾ ನೋಡ್ಕಳ್ತೆ, ನೀವು ಬರೂದು ಬೇಡ" ಎಂದು ವಕೀಲರನ್ನೂ ತಡೆದರು. ತಾವು ಮಾತ್ರ ಡಬ್ಬಿ ಹಿಡಿದು ಹೋಗಿ ಮರದ ಕೆಳಗೆ ಕುಳಿತರು. ಒಳಗಿಂದ ಅವರ ಹೆಸರು ಮೂರು ಸಲ ಕೂಗಿದರೆ ಇವರು ಮುಖಕ್ಕೆ ಪೇಪರು ಅಡ್ಡ ಹಿಡಿದಿದ್ದರು!

ಎರಡು ಸಲ ತಾರೀಖು ಮುಂದೆ ಹೋಯಿತು. ಮೂರನೆಯ ಸಲ ಆರೋಪಿ ಕುಣಿಯುತ್ತಲೇ ಹೊರಬಂದ.

"ಬಿಟ್ರು ಮಾರಾಯಾ! ಫಿರ್ಯಾದಿ ಬರೂದೇ ಇಲ್ಲ ಅಂತ ಕೇಸೇ ವಜಾ!"

"ಮುಂದಿನ ತಾರೀಖು ಯಾವಾಗ?"

"ಕೇಸೇ ಇಲ್ಲ, ತಾರೀಖು ಎಲ್ಲಿಂದ?"

ಅವತ್ತು ಬಂಗಡೆಯನ್ನು ಇಬ್ಬರೂ ಮುಟ್ಟಲಿಲ್ಲವಂತೆ. ಆಮೇಲೆ ಗೆಳೆಯ ಕಣ್ಣಿಗೆ ಬೀಳಲಿಲ್ಲ. ಈಗಂತೂ ಸಾಲವೂ ಉಳಿದಿತ್ತು, ನಾಚಿಕೆಯೂ ಉಳಿದಿತ್ತು, ಸಮನ್ಸು ಮಾತ್ರ ಇರಲಿಲ್ಲ.

ಅಪೀಲು ಹಾಕಲೇಬೇಕೆಂದು ಮಾವ ಹಟ ಹಿಡಿದರು. ಹೈಕೋರ್ಟು ಧಾರವಾಡಕ್ಕೆ ಬಂದ ಹೊಸತು. ವಕೀಲರಲ್ಲಿಗೆ ಜೊತೆಗೆ ಹೋದವನು ನಾನು.

"ಮೂರು ಸಲ ಯಾಕೆ ಬರಲಿಲ್ಲ? ಕಾರಣ ಬರೀಬೇಕು."

"ಬಂದಿದ್ದೆ."

"ಎಲ್ಲಿಗೆ?"

"ಮರದ ಕೆಳಗೆ."

ವಕೀಲರು ಪೆನ್ನು ಕೆಳಗಿಟ್ಟರು. ಗೆಲ್ಲುವುದು ಕಷ್ಟವೆಂದರು. ಮಾವನಿಗೆ ಅದರ ಚಿಂತೆಯೇ ಇಲ್ಲ! "ಧಾರವಾಡಕ್ಕೆ ನಾನೂ ಆರೋಪಿಯೂ ಒಂದೇ ಬಸ್ಸಿಗೆ ಹೋಗೂದಲ್ಲ?" ಎಂದರು.

"ಅಲ್ಲಿಗೆ ನೀವಿಬ್ಬರೂ ಹೋಗೋದು ಬೇಡ. ವಕೀಲರು ಹೋದರೆ ಸಾಕು."

ಮಾವ ವಕೀಲರು ಕೆಳಗಿಟ್ಟ ಪೆನ್ನನ್ನು ಎತ್ತಿಕೊಂಡರು. ಆಮೇಲೆ ತೋರಿಸಿದ ಕಡೆಯೆಲ್ಲ ಸಹಿ ಹಾಕಿದರು.

ವಾಪಸು ಬರುವಾಗ ಬಸ್ಸು ತೋಡೂರಿನಲ್ಲಿ ನಿಂತಿತು. "ಇಳಿಯೋಣವಾ ಮಾವಾ?" ಎಂದೆ.

"ಕೇಸಿಲ್ದೆ ಎಂತ ಹೇಳಿ ಹೋಗೂದು ತಮಾ?"

ಬಸ್ಸು ಹೊರಟಿತು. ಮಾವನ ಕೇಸಿನ ಕತೆ ಹೇಳಿ ಊರನ್ನೆಲ್ಲ ನಗಿಸಿದವನು ನಾನೇ. ಅವರ ತೊಡೆಯ ಮೇಲೆ ಅವತ್ತೂ ಇಬ್ಬರ ಡಬ್ಬಿ ಇರುವುದನ್ನು ಕಂಡು ನನಗೆ ನನ್ನ ಮೇಲೇ ಅಸಹ್ಯವಾಯಿತು.

"ಅವ ಧಾರವಾಡಕ್ಕೆ ಬರೂದಿಲ್ಲ ಅಂದ್ಮೇಲೆ ಸಹಿ ಯಾಕೆ ಹಾಕಿದ್ರಿ?" ಎಂದು ಮೆಲ್ಲಗೆ ಕೇಳಿದೆ.

ಮಾವ ಕಿಟಕಿಯಿಂದ ಮುಖ ತಿರುಗಿಸಲಿಲ್ಲ.

"ನೋಟೀಸು ಅವನ ಮನೆಗೆ ಹೋಗ್ತದಲ್ಲ. ಅದ್ರಲ್ಲಿ ನನ್ನ ಹೆಸ್ರು ಇರ್ತದೆ. ನಾ ಇನ್ನೂ ಇದ್ದೇನೆ ಅಂತ ಅವಂಗೆ ಗೊತ್ತಾಗ್ತದೆ."