ಅರವತ್ತೆರಡು ಪರ್ಸೆಂಟ್ ಮದುವೆ

ಓದಿದವನ ಬಾಯಲ್ಲಿ ‘ನನಗೆ ಗೊತ್ತಿಲ್ಲ’ ಅನ್ನುವ ಮಾತು ಸುಲಭಕ್ಕೆ ಬರುವುದಿಲ್ಲ; ಮನೆತನಕ್ಕೇ ಮೊದಲು ಓದಿದವನ ಬಾಯಲ್ಲಂತೂ ಬರುವುದೇ ಇಲ್ಲ. ನಾನು ಹಗಲು ಫ್ಯಾಕ್ಟರಿ, ಸಂಜೆ ಕಾಲೇಜು ಎಂದು ಒದ್ದಾಡಿ ಬಿ.ಕಾಂ. ಮುಗಿಸಿದವನು. ಹಾಗಾಗಿ ಹೇರೋಹಳ್ಳಿಯ ನಮ್ಮ ಬೀದಿಯಲ್ಲಿ ಗ್ಯಾಸ್ ಬುಕ್ಕಿಂಗಿನಿಂದ ಹಿಡಿದು ಕಂಪ್ಯೂಟರ್‌ವರೆಗೆ ಎಲ್ಲದಕ್ಕೂ ನಾನೇ.

ಎದುರುಮನೆ ಗಿರಿಜಮ್ಮನವರ ಮಗಳ ಮದುವೆ ವಿಡಿಯೊದ ಲಿಂಕನ್ನು ಸ್ಟುಡಿಯೊದವರು ಕಳಿಸಿದ್ದರು. ದೊಡ್ಡ ಫೈಲು. ಲ್ಯಾಪ್‌ಟಾಪಿನ ಡೌನ್‌ಲೋಡ್ ಮ್ಯಾನೇಜರಿಗೆ ಹಾಕಿದೆ. ಅರವತ್ತೆರಡು ಪರ್ಸೆಂಟಿಗೆ ಕರೆಂಟ್ ಹೋಗಿ ನಿಂತಿತು. ಉಳಿದದ್ದಕ್ಕೆ ಅವಸರವೇನಿದೆ ಎಂದು, ಕರೆಂಟ್ ಬಂದ ಮೇಲೆ ಲಿಂಕನ್ನು ಪ್ರಿಂಟ್ ತೆಗೆದು, ಪ್ಲಾಸ್ಟಿಕ್ ಕವರಿಗೆ ಸೇರಿಸಿ, ನನ್ನ ಮಾರ್ಕ್ಸ್‌ಕಾರ್ಡುಗಳ ಫೈಲಿನಲ್ಲಿಟ್ಟೆ. ಕಾಗದ ಜೋಪಾನವಾಗಿದ್ದರೆ ಯಾವ ಕೆಲಸವೂ ಕೆಡುವುದಿಲ್ಲವೆಂಬುದು ಹತ್ತಾರು ಕಚೇರಿ ಅಲೆದು ನಾನು ಕಲಿತ ಪಾಠ.

ವಾರ ಕಳೆದ ಮೇಲೆ ಒಂದು ಬೆಳಿಗ್ಗೆ ಗಿರಿಜಮ್ಮ ತಮ್ಮ ತಾಯಿಯನ್ನು ಕರೆತಂದರು. ಕಾಲು ಮುರಿದುಕೊಂಡು ಮಲಗಿದ್ದ ಅಜ್ಜಿಗೆ ಮೊಮ್ಮಗಳ ಮದುವೆಗೆ ಬರಲಾಗಿರಲಿಲ್ಲ.

“ನಾಲ್ಕು ಗಂಟೆ ಬಸ್ಸಿಗೆ ಊರಿಗೆ ಹೊರಡ್ತಾರೆ ಕಣಣ್ಣ. ಅಷ್ಟರಲ್ಲಿ ತಾಳಿ ಕಟ್ಟೋದೊಂದು ತೋರ್ಸಿಬಿಡಿ.”

“ಅದೇನು ಮಹಾ!” ಎಂದು ರೆಸ್ಯೂಮ್ ಒತ್ತಿದೆ. ಎರರ್. ಕವರಿನಿಂದ ಪ್ರಿಂಟ್ ತೆಗೆದು, ಲಿಂಕನ್ನು ಒಂದೊಂದೇ ಅಕ್ಷರ ಟೈಪ್ ಮಾಡಿದೆ. ಮತ್ತೆ ಎರರ್. ಮೋಡೆಮ್ ಆರಿಸಿ ಹಚ್ಚಿದೆ. ಲ್ಯಾಪ್‌ಟಾಪ್ ಹೊತ್ತು ಟೆರೇಸಿಗೂ ಹೋಗಿ ಬಂದೆ. “ಸರ್ವರ್ ಸ್ವಲ್ಪ ಬಿಜಿ ಇದೆ” ಎಂದು ಡಾಕ್ಟರರ ಗಾಂಭೀರ್ಯದಲ್ಲಿ ಹೇಳಿದೆ.

“ರೀ, ಸ್ಟುಡಿಯೊದವರಿಗೇ ಒಂದು ಫೋನ್ ಮಾಡ್ಬಾರ್ದಾ?” ಎಂದಳು ಹೆಂಡತಿ.

“ನಂಗೊತ್ತಿಲ್ವಾ? ಸುಮ್ನಿರೇ.”

ಒಂದೂವರೆಯಾಯಿತು. ಅಜ್ಜಿ ಸೆರಗಿನಲ್ಲಿ ಕನ್ನಡಕ ಒರೆಸಿ ಹಾಕಿಕೊಳ್ಳುವುದು, ತೆಗೆದು ಮತ್ತೆ ಒರೆಸುವುದು ನಡೆದೇ ಇತ್ತು. ನೋಡಲಾರದೆ ಒಳಗೆ ಹೋಗಿ, ಬಾಗಿಲು ಹಾಕಿಕೊಂಡು ಫೋನ್ ಮಾಡಿದೆ.

“ಸಾರ್, ಆ ಲಿಂಕು ಒಂದೇ ದಿನ ಇರೋದು,” ಎಂದ ಸ್ಟುಡಿಯೊದವನು. “ಹೊಸದು ಕಳಿಸ್ತೀನಿ. ಅರ್ಧ ಆಗಿರೋದನ್ನ ಡಿಲೀಟ್ ಮಾಡ್ಬೇಡಿ. ಹಳೇ ಅಡ್ರೆಸ್ ತೆಗೆದು ಅಲ್ಲೇ ಇದನ್ನ ಹಾಕಿ. ಅಲ್ಲಿಂದಾನೇ ಮುಂದುವರಿಯುತ್ತೆ.”

ಒಂದು ದಿನ ಬಾಳುವ ಲಿಂಕಿಗೆ ನಾನು ಪ್ಲಾಸ್ಟಿಕ್ ಕವರ್ ಹಾಕಿದ್ದೆ!

ಎರಡೂವರೆಗೆ ವಿಡಿಯೊ ಪೂರ್ತಿ ಇಳಿಯಿತು. ತಾಳಿ ಕಟ್ಟುವ ಹೊತ್ತಿಗೆ ಅಜ್ಜಿ ಅಕ್ಕಿಕಾಳು ತರಿಸಿಕೊಂಡು ಲ್ಯಾಪ್‌ಟಾಪಿನ ಮೇಲೇ ಅಕ್ಷತೆ ಹಾಕಿ, ಕಣ್ಣೊರೆಸಿಕೊಂಡರು. “ಓದಿದ ಮಗ ಒಬ್ಬ ಇದ್ರೆ ಬೀದಿಗೇ ಬೆಳಕು ಕಣಪ್ಪ” ಎಂದರು. ಕೀಬೋರ್ಡಿನ ಸಂದಿಯಿಂದ ಅಕ್ಕಿ ಹೆಕ್ಕುತ್ತಲೇ ನಾನು ಬೀಗಿದೆ. ಅಷ್ಟರಲ್ಲಿ ವಿಡಿಯೊದಲ್ಲಿ ಊಟದ ಪಂಕ್ತಿ ಬಂತು. ಅಜ್ಜಿ ಮುಂದಕ್ಕೆ ಬಾಗಿದರು.

“ಇದ್ಯಾರೇ ಗಿರಿಜಾ? ಎಲೆ ಮೇಲೆ ನಾಲ್ಕು ಹೋಳಿಗೆ ಇಟ್ಕೊಂಡು ಇನ್ನೂ ಬಡಿಸೋನ ಕೈ ಹಿಡ್ಕೊಂಡವ್ನಲ್ಲ?”

ಗಿರಿಜಮ್ಮ ನನ್ನತ್ತ ನೋಡಿ ಕೆಮ್ಮಿದರು. ನನ್ನ ಹೆಂಡತಿ ಕಿಟಕಿಯಾಚೆ ನೋಡಿದಳು. ಬಸ್ಸಿಗೆ ಇನ್ನೂ ಬೇಕಾದಷ್ಟು ಹೊತ್ತಿತ್ತು. ಆದರೂ ತಡವಾಯಿತೆಂದು ಅಜ್ಜಿಯ ಚೀಲವನ್ನು ನಾನೇ ಎತ್ತಿಕೊಂಡು ಆಟೊ ಕರೆಯಲು ಹೊರಟೆ.