ಮೂಲೆಯ ಹುತ್ತ ಮತ್ತು ಕೋರ್ಟಿನ ಷರತ್ತು

ಸುಮ್ಮನಿರುವುದು ಸುಲಭ ಎಂದು ನಂಬಿದವರಿಗೆ ಕೋರ್ಟು ಯಾವತ್ತೂ 'ಸುಮ್ಮನಿರು' ಎಂದು ಆದೇಶಿಸಿಲ್ಲವೆಂದೇ ಅರ್ಥ. ನನಗೆ ಆದೇಶಿಸಿದೆ. ಹಾಗಾಗಿ ಸ್ವಲ್ಪ ಅಧಿಕಾರದಿಂದಲೇ ಹೇಳುತ್ತಿದ್ದೇನೆ.

ಶಿವಮೊಗ್ಗದ ಹೊಸಮನೆಯಲ್ಲಿ ಬಾಡಿಗೆಗಿದ್ದುಕೊಂಡು ಭದ್ರಾವತಿಯಲ್ಲಿ ಹಳೆಯ ಬಾಗಿಲು, ಕಿಟಕಿಗಳ ವ್ಯಾಪಾರ ಮಾಡುವವನು ನಾನು. ಕೆಡವಿದ ಮನೆಗಳಿಂದ ಕೊಂಡು ತಂದು, ರುದ್ರೇಶಪ್ಪನವರಿಂದ ಲೀಸಿಗೆ ಪಡೆದ ಖಾಲಿ ಜಾಗದಲ್ಲಿ ಒರಗಿಸಿಟ್ಟು ಮಾರುತ್ತೇನೆ. ಲೀಸಿನ ಅವಧಿ ಇನ್ನೂ ಇರುವಾಗಲೇ ಅವರಿಗೆ ಅಲ್ಲಿ ಅಂಗಡಿ ಸಾಲು ಕಟ್ಟಿಸುವ ಮನಸ್ಸಾಯಿತು. "ಖಾಲಿ ಮಾಡಿ" ಎಂದರು. ಅಷ್ಟು ಬಾಗಿಲುಗಳನ್ನು ಹೊತ್ತು ಎಲ್ಲಿಗೆ ಹೋಗಲಿ? ಕೋರ್ಟಿಗೆ ಹೋದೆ. ತಾತ್ಕಾಲಿಕ ತಡೆಯಾಜ್ಞೆ ಸಿಕ್ಕಿತು, ಷರತ್ತುಗಳ ಸಮೇತ. ಬಾಡಿಗೆಯನ್ನು ತಪ್ಪದೆ ಕೋರ್ಟಿನಲ್ಲಿ ಜಮಾ ಮಾಡಬೇಕು. ತಿಂಗಳಿಗೊಮ್ಮೆ ಮಾಲೀಕರು ಬಂದು ನೋಡಿದರೆ ಅಡ್ಡಿ ಮಾಡಬಾರದು. ಜಾಗದಲ್ಲಿ ಹೊಸದೇನನ್ನೂ ಕಟ್ಟಬಾರದು, ಇದ್ದದ್ದನ್ನು ಬದಲಿಸಬಾರದು. ಮುರಿದರೆ ತಡೆಯಾಜ್ಞೆ ತೆರವು. ನಾನೂ ಬಾಗಿಲುಗಳೂ ಬೀದಿಗೆ.

ಅಂದಿನಿಂದ ನಾನು ಒಡೆದ ಹೆಂಚು ಎತ್ತಲೂ ಹೆದರಿದೆ. "ಸಾರ್, ನಾಯಿ ಗುಂಡಿ ತೋಡಿದೆ, ಮುಚ್ಚಲಾ?" ಎಂದು ವಕೀಲರಿಗೆ ಫೋನ್ ಮಾಡಿದೆ.

"ಮುಚ್ಚಿ ಮಾರಾಯ್ರೆ, ನಾಯಿ ಈ ಕೇಸಲ್ಲಿ ಪಾರ್ಟಿ ಅಲ್ಲ."

ಮಳೆಗಾಲ ಮುಗಿದ ಮೇಲೆ ಗಿರಾಕಿಯೊಬ್ಬರಿಗೆ ತೋರಿಸಲೆಂದು ಹಿಂದಿನ ಮೂಲೆಯ ತೇಗದ ಬಾಗಿಲು ಸರಿಸಿದೆ. ಹಿಂದೆ ಸೊಂಟದೆತ್ತರದ ಹುತ್ತ! ಗಿರಾಕಿ ಕೈಮುಗಿದು ಹೊರಟುಹೋದರು. ನಾನು ಮತ್ತೆ ಫೋನ್ ಮಾಡಿದೆ.

"ಕೆಡವಿದ್ರೆ ಬದಲಾವಣೆ ಅಂತಾರೆ, ಬಿಟ್ರೆ ಹೊಸ ನಿರ್ಮಾಣ ಅಂತಾರೆ," ಎಂದರು ವಕೀಲರು. "ಮೊದಲೇ ಇತ್ತಾ? ನೆನಪು ಮಾಡ್ಕೊಳ್ಳಿ."

ನನ್ನ ನೆನಪು ಬಹಳ ಉಪಕಾರಿ ಸ್ವಭಾವದ್ದು. ಇತ್ತು ಎಂದುಕೊಂಡರೆ ಹುತ್ತದ ಬುಡದಲ್ಲಿ ಅರಿಶಿನ ಕುಂಕುಮವನ್ನೂ ತೋರಿಸಿತು. ಇರಲಿಲ್ಲ ಎಂದುಕೊಂಡರೆ ಬರೀ ಹುಲ್ಲು. ಇಂಥ ಸಾಕ್ಷಿಯನ್ನು ನಾನೇ ನಂಬಲಾರೆ. ದಾವೆ ಹಾಕುವಾಗ ತೆಗೆಸಿದ ಫೋಟೋ ಹುಡುಕಿದೆ. ಜಾಗದ ಉಳಿದ ಮೂಲೆಗಳೆಲ್ಲ ಸ್ಪಷ್ಟವಾಗಿವೆ. ಆ ಒಂದು ಮೂಲೆಯ ಮುಂದೆ ಮಾತ್ರ ಹೊಟ್ಟೆ ಮುಂದು ಮಾಡಿಕೊಂಡು ನಾನು ನಿಂತಿದ್ದೇನೆ. ಹೆಂಡತಿಯನ್ನು ಕೇಳಿದರೆ ಇನ್ನೊಂದು ತಡೆಯಾಜ್ಞೆ: "ಹುತ್ತಕ್ಕೆ ಕೈ ಹಚ್ಚಿದ್ರೆ ಈ ಮನೆಗೆ ಬರಬೇಡಿ."

ಮಾಲೀಕರು ನೋಡಲು ಬರುವ ದಿನ ಬಂತು. ರುದ್ರೇಶಪ್ಪನವರು ಮೊಬೈಲ್ ಹಿಡಿದು ಫೋಟೋ ತೆಗೆಯುತ್ತಾ ಮೂಲೆಗೆ ಬಂದರು. "ಏನ್ರೀ ಇದು? ಕೋರ್ಟು ಕಟ್ಟಬೇಡ ಅಂದ್ಮೇಲೂ..." ಮಾತು ಅಲ್ಲಿಗೇ ನಿಂತಿತು. ಮೊಬೈಲು ಜೇಬಿಗೆ ಹೋಯಿತು, ಚಪ್ಪಲಿ ಕಾಲಿನಿಂದ ಕಳಚಿತು.

"ನಿಮ್ಮನ್ನ ಬಿಡಿಸೋಣ ಅಂತಿದ್ರೆ ಇಲ್ಲಿ ಇನ್ನೊಬ್ರು ಬಂದು ಕೂತಿದಾರಲ್ರೀ!" ಆಮೇಲೆ ದನಿ ತಗ್ಗಿಸಿ, "ಒಳಗಡೆ... ಇದೆಯಾ?"

"ನಾನು ವಿಚಾರಿಸೋಕೆ ಹೋಗಿಲ್ಲ ಸಾರ್."

ಮರುದಿನ ಅವರ ತಾಯಿ ಹಾಲಿನ ತಂಬಿಗೆಯೊಂದಿಗೆ ಬಂದರು. ಹಾಲೆರೆದು, ಮಗನತ್ತ ತಿರುಗಿ, "ಈ ಮೂಲೆಗೆ ಗುದ್ದಲಿ ತಾಗಿಸಿದ್ಯೋ, ನಾನು ನಿನ್ನ ಮನೇಲಿ ನೀರು ಕುಡಿಯಲ್ಲ" ಎಂದರು. ಅಂಗಡಿ ಸಾಲಿನ ಪಾಯ ಶುರುವಾಗಬೇಕಿದ್ದುದೇ ಆ ಮೂಲೆಯಿಂದ. ನಕ್ಷೆ ಮೊದಲಿಂದ ಬರೆಸಬೇಕು. ರುದ್ರೇಶಪ್ಪನವರು ತಲೆ ಕೆರೆದುಕೊಂಡರು. "ಲೀಸು ಮುಗಿಯೋವರೆಗೂ ಇರಿ ಮಾರಾಯ್ರೆ. ಅಷ್ಟರಲ್ಲಿ ನಾನೂ ಒಂದು ದಾರಿ ಹುಡುಕ್ತೀನಿ."

ಕೋರ್ಟಿನಲ್ಲಿ ರಾಜಿಯಾಯಿತು. ಮೊನ್ನೆ ಸಹಿ ಹಾಕಿ ಬಸ್ಸು ಹತ್ತಿದವನು ಎಂಥ ನಿದ್ದೆ ಹೋದೆನೆಂದರೆ, ಶಿವಮೊಗ್ಗ ಬಸ್ ಸ್ಟ್ಯಾಂಡಿನಲ್ಲಿ ಕಂಡಕ್ಟರು ಭುಜ ಹಿಡಿದು ಅಲ್ಲಾಡಿಸಬೇಕಾಯಿತು. ಅಥವಾ ಪಕ್ಕದ ಸೀಟಿನವರೋ. ಯಾರೋ ಅಲ್ಲಾಡಿಸಿದ್ದು ನಿಜ.

ಮನೆಗೆ ಬಂದು ಎದೆಯುಬ್ಬಿಸಿ ಹೇಳಿದೆ: "ಒಂದು ಷರತ್ತನ್ನೂ ಮುರೀಲಿಲ್ಲ ನೋಡು. ಏನನ್ನೂ ಕಟ್ಟಲಿಲ್ಲ."

"ಅದಕ್ಕೆ ಕೋರ್ಟು ಯಾಕೆ ಬೇಕಿತ್ತು?" ಎಂದಳು ಹೆಂಡತಿ. "ಮದುವೆಯಾದಾಗಿಂದ ಈ ಬಾಡಿಗೆ ಮನೇಲಿ ಪಾಲಿಸ್ತಾನೇ ಇದೀರಲ್ಲ. ಗೆದ್ದಲು ನೋಡಿ, ಒಂದೇ ಮಳೆಗಾಲಕ್ಕೆ ಸ್ವಂತ ಮನೆ ಮಾಡ್ಕೊಂಡ್ವು."

ಮುಖ ತೊಳೆಯುವ ನೆಪದಲ್ಲಿ ಬಚ್ಚಲಿಗೆ ಹೋಗಿ ಬಾಗಿಲು ಎಳೆದುಕೊಂಡೆ. ಎಂದಿನಂತೆ ಅದು ಪೂರ್ತಿ ಮುಚ್ಚಲಿಲ್ಲ.