ಬೆನ್ನಿಗೆ ಬೆನ್ನು ಹಚ್ಚಿದ ಪಂಕ್ತಿ

ನಮ್ಮ ಕಾಕಾನ ಜೊತೆ ಮದುವೆ ಊಟಕ್ಕೆ ಹೋದವರು ಹಸಿದಾದರೂ ಬರುತ್ತಿದ್ದರು, ಇಲ್ಲವೇ ಜೀವಶಾಸ್ತ್ರ ಪಾಸಾಗಿ ಬರುತ್ತಿದ್ದರು!

ಮುದ್ದೇಬಿಹಾಳದ ಕಾಲೇಜಿನಲ್ಲಿ ಮೂವತ್ತು ವರ್ಷ ಅದನ್ನೇ ಕಲಿಸಿದವನು. ಜೀವಕೋಶದ ಪೊರೆ ಎಂದರೆ ಅವನಿಗೆ ಪ್ರಾಣ. ಸಿಂದಗಿಯ ಒಂದು ಮದುವೆಯಲ್ಲಿ ಜನ ಎರಡು ಸಾಲಾಗಿ, ಬೆನ್ನಿಗೆ ಬೆನ್ನು ಹಚ್ಚಿ ಉಣ್ಣಲು ಕುಳಿತಿದ್ದರು. ಕಾಕಾ ತಾಟು ಬಿಟ್ಟು ಎದ್ದೇಬಿಟ್ಟ.

"ನೋಡ್ರಿ, ಪೊರಿ ಅಂದ್ರ ಇದ! ಕೊಬ್ಬಿನ ಕಣ ಹಿಂಗ ಎರಡು ಸಾಲು ಕುಂತಿರತಾವ, ಮಾರಿ ಹೊರಗ ನೀರಿನ ಕಡಿ, ಬೆನ್ನು ಒಳಗ. ನಡಬರಕ ಸುಮ್ಮ ದಾಟಾಕ ಬರೂದಿಲ್ಲ!"

ಅಷ್ಟರಲ್ಲಿ ಬಡಿಸುವವನೊಬ್ಬ ಸಾರಿನ ಬಕೆಟ್ ಹಿಡಿದು ಸಾಲು ದಾಟಲು ಬಂದ.

"ನಿಲ್ಲೋ! ನೀ ದೊಡ್ಡ ಕಣ. ಕೈ ಹಿಡದು ದಾಟಸಾವ್ರು ಬೇಕು."

ಕಾಕಾ ಕೈ ಹಿಡಿದು ಎಳೆದ. ಅವನಿಗಿಂತ ಮೊದಲು ಸಾರು ದಾಟಿತು, ಬೀಗರ ಧೋತರದ ಮೇಲೆ!

ಇಂಥವನನ್ನು ಕಾಲೇಜಿನಲ್ಲಿ ಸಹಿಸಿದವನು ಗೊಳಸಂಗಿಯ ಹನಮಂತ, ಲ್ಯಾಬಿನ ಸಿಪಾಯಿ. ಸೂಕ್ಷ್ಮದರ್ಶಕಕ್ಕೆ ಉಳ್ಳಾಗಡ್ಡಿಯ ತೆಳು ಸಿಪ್ಪೆ ಬಿಡಿಸಿಕೊಡುವುದು ಅವನ ಕೆಲಸ. ಕಣ್ಣೀರು ಉಳ್ಳಾಗಡ್ಡಿಗೋ ಕಾಕಾನ ಪಾಠಕ್ಕೋ, ಯಾರು ಬಲ್ಲರು? ನಿವೃತ್ತಿಯ ಮೇಲೂ ಸೋಮವಾರ ಬಂತೆಂದರೆ ಹನಮಂತ ಬರಬೇಕು, ಚಹಾ ಆಗಬೇಕು, ಜಗಳ ಆಗಬೇಕು.

ಹೋದ ವರ್ಷ ಕಾಕಾ ಹಾಸಿಗೆ ಹಿಡಿದ. ಸೋಂಕು ತಗಲಬಾರದು, ಯಾರನ್ನೂ ಬಿಡಬೇಡಿ ಎಂದರು ಡಾಕ್ಟರು. ಬಾಗಿಲು ಕಾಯುವ ಕೆಲಸ ನನ್ನದಾಯಿತು. ನನಗಾದರೂ ಎಂಥ ಹುರುಪು! ಸ್ವಂತ ಅತ್ತೆಯನ್ನೇ ಹೊಸ್ತಿಲಿಂದ ಹಿಂದಕ್ಕೆ ಕಳಿಸಿದ ಶೂರ ನಾನು. ಸೋಮವಾರ ಹನಮಂತ ಬಂದ, ಕೈಯಲ್ಲಿ ಉಳ್ಳಾಗಡ್ಡಿ ಚೀಲ.

"ದೂರದಿಂದ ಮಾರಿ ನೋಡಿ ಹೋಗ್ತೇನ್ರಿ."

"ಡಾಕ್ಟರು ಬ್ಯಾಡಂದಾರ್ರಿ. ಮುಂದಿನ ಸೋಮವಾರ ಬರ್ರಿ."

ಚೀಲವನ್ನು ಒಳಗೆ ತೆಗೆದುಕೊಂಡೆ, ಮನುಷ್ಯನನ್ನು ಹೊರಗಿನಿಂದಲೇ ಕಳಿಸಿದೆ.

ಸಂಜೆ ಚೀಲ ಕಂಡು ಕಾಕಾನ ಮುಖ ಅರಳಿತು. "ಹನಮ್ಯಾ ಎಲ್ಲಿ?"

"ವಾಪಸ್ ಕಳಿಸೀನಿ, ಕಾಕಾ."

ಬೈದಿದ್ದರೆ ಚೆನ್ನಾಗಿತ್ತು. ಬೈಯಲಿಲ್ಲ. "ಎಲ್ಲಾರನೂ ತಡಿಯೂದು ಗ್ವಾಡಿ, ತಮ್ಮಾ. ಪೊರಿಗೆ ಬೇಕಾದವರ ಗುರುತ ಇರತೈತಿ" ಎಂದ.

ನಾಳೆಯೇ ಕರೆಸುತ್ತೇನೆ ಎಂದೆ. ಆ ನಾಳೆಯವರೆಗೆ ಕಾಕಾ ಉಳಿಯಲಿಲ್ಲ. ನಾನು ಮಾಡಿದ್ದು ತಪ್ಪು; ಡಾಕ್ಟರ ಹೆಸರು ಹೇಳಿ ಅದನ್ನು ಸಣ್ಣದು ಮಾಡಲಾರೆ.

ಕಾಕಾನ ದಿವಸದ ಊಟಕ್ಕೆ ಜನ ಮತ್ತೆ ಬೆನ್ನಿಗೆ ಬೆನ್ನು ಹಚ್ಚಿ ಕುಳಿತಿದ್ದರು. ಸಾಲಿನ ಆಚೆ, ಬಾಗಿಲ ಹೊರಗೆ, ಚಪ್ಪಲಿಗಳ ಹತ್ತಿರ ಹನಮಂತ ನಿಂತಿದ್ದ. ಹೋಗಿ ಅವನ ಕೈ ಹಿಡಿದೆ.

"ಈಗ ಒಳಗ ಬರಬಹುದೇನ್ರಿ?" ಎಂದ.

ಚುಚ್ಚಿ ಆಡಿದ್ದಲ್ಲ, ಪಾಪ, ನಿಜವಾಗಿಯೇ ಕೇಳಿದ.